ಹಂಚಿನ ಅಂಗಳದಲ್ಲಿ ಅವ್ವ

ಎಂಬತ್ತರ ದಶಕದ ಆರಂಭದಲ್ಲಿ ನನ್ನ ಅಕ್ಕ ಬೆಳಗಾವಿಯ ಗಂಡನ ಮನೆಯಲ್ಲಿ ಬೆಂಕಿಗೆ ಸಿಕ್ಕು ಸತ್ತಳು. ಸ್ಟೋವ್ ಸಿಡಿಯಿತು ಎಂದರು. ಖಾನಾಪುರದ ನಮ್ಮ ಮನೆಯಲ್ಲೂ ಹಾಗೆಯೇ ಹೇಳಿಕೊಂಡೆವು. ಅಪ್ಪ ಹಂಚಿನ ಕಾರ್ಖಾನೆಯಲ್ಲಿ ಮೇಸ್ತ್ರಿ. ಊರಲ್ಲಿ ತಲೆ ಎತ್ತಿ ತಿರುಗಬೇಕು, ಇನ್ನೊಬ್ಬ ಮಗಳ ಮದುವೆಯಾಗಬೇಕು. ಆ ಇನ್ನೊಬ್ಬ ಮಗಳು ನಾನು.

ನಾನಾಗ ಬೆಳಗಾವಿಯಲ್ಲಿ ಚಿತ್ರಕಲೆ ಕಲಿಯುತ್ತಿದ್ದೆ. ಅಕ್ಕನ ಮುಖ ಬರೆಯಲು ಕೂತರೆ ಆಸ್ಪತ್ರೆಯಲ್ಲಿ ನೋಡಿದ ಮುಖವೇ ಕಣ್ಣೆದುರು ಬಂದು ಕೈ ನಿಂತುಬಿಡುತ್ತಿತ್ತು. ಕೊನೆಗೆ ಹಾಳೆ ಬದಿಗಿಟ್ಟೆ. ಅವಳಿಗೆ ಆದದ್ದನ್ನು ನನ್ನ ಮೈಮೇಲೆಯೇ ತೋರಿಸಬೇಕು ಅನ್ನಿಸಿತು.

ಬೇಸಿಗೆಯ ಒಂದು ರವಿವಾರ, ಅಕ್ಕ ತವರಿನಲ್ಲೇ ಬಿಟ್ಟಿದ್ದ ಮದುವೆ ಸೀರೆ ಉಟ್ಟು ಕಾರ್ಖಾನೆಯ ಅಂಗಳಕ್ಕೆ ಹೋದೆ. ಅಂದು ರಜೆ. ಹಂಚಿಗೆಂದು ಕಲಸಿಟ್ಟ ಮಣ್ಣನ್ನು ಸೀರೆಗೆ, ಕೈಗೆ, ಮುಖಕ್ಕೆ ದಪ್ಪಗೆ ಮೆತ್ತಿಕೊಂಡು ಬಿಸಿಲಲ್ಲಿ ಕುಳಿತೆ. ಜೊತೆಯಲ್ಲಿ ಓದುತ್ತಿದ್ದ, ಬೆಳಗಾವಿಯ ಕ್ಯಾಂಪ್ ಬಡಾವಣೆಯ ಗೆಳತಿ ತನ್ನ ಚಿಕ್ಕಪ್ಪನ ಸಣ್ಣ ಸಿನಿಮಾ ಕ್ಯಾಮೆರಾ ತಂದಿದ್ದಳು. ಅದರಲ್ಲಿ ಚಿತ್ರ ಬರುತ್ತಿತ್ತು, ಧ್ವನಿ ಬರುತ್ತಿರಲಿಲ್ಲ. ನಡೆದದ್ದನ್ನೆಲ್ಲ ಅವಳು ಅದರಲ್ಲಿ ಸೆರೆಹಿಡಿಯುತ್ತಿದ್ದಳು. ಮಣ್ಣು ಒಣಗಿ ಚರ್ಮವನ್ನು ಬಿಗಿಯತೊಡಗಿತು. ಉಸಿರೆಳೆದರೆ ಎದೆಯ ಮೇಲೆ ಬಿರುಕು. ಹಾದಿಯ ಮಂದಿ ಬೇಲಿಯ ಹತ್ತಿರ ನೆರೆದರು.

"ಮೈಯಾಗ ಏನರ ಬಂದೈತೇನ?" ಅಂದ ಒಬ್ಬ.

"ಹೆಣ್ಣಿಗಿ ಸಾಲಿ ಕಲಿಸಿದ್ರ ಹಿಂಗ," ಅಂದಳು ಒಬ್ಬಾಕೆ.

ಸುದ್ದಿ ತಿಳಿದು ಅಪ್ಪ, ಅವ್ವ ಓಡಿಬಂದರು. ಅಪ್ಪ ದೂರದಲ್ಲೇ ನಿಂತು, "ಏಳ ಮ್ಯಾಲ! ಮರ್ಯಾದಿ ತಗೀಬ್ಯಾಡ," ಎಂದು ಕೂಗಿದ. ನಾನು ಏಳಲಿಲ್ಲ. ಅವ್ವ ಹತ್ತಿರ ಬಂದು ಸೆರಗಿನ ಮಣ್ಣನ್ನು ಉಗುರಿನಿಂದ ಕೆರೆದಳು. ಜರಿ ಕಂಡಿತು. ಸೀರೆ ಯಾರದೆಂದು ಅವಳಿಗೆ ಗೊತ್ತಾಯಿತು. ಮಂದಿಯ ಕಡೆ ತಿರುಗಿ, ನಾನೆಂದೂ ಕೇಳಿರದ ದನಿಯಲ್ಲಿ ಹೇಳಿದಳು:

"ಸ್ಟೋವ್ ಸಿಡದಿಲ್ಲ. ನನ್ನ ಮಗಳನ್ನ ಸುಟ್ಟಾರ. ದವಾಖಾನ್ಯಾಗ ಆಕೀನ ನನ್ನ ಮುಂದ ಹೇಳ್ಯಾಳ."

"ಮಂದ್ಯಾಗ ಹೇಳೂ ಮಾತೇನ ಅದು?" ಎಂದ ಅಪ್ಪ.

"ಮನ್ಯಾಗ ಹೇಳಿದ್ದೆ. ನೀವು ಬಾಯಿ ಮುಚ್ಚು ಅಂದ್ರಿ."

ಅಪ್ಪ ಮಣ್ಣಿನ ಗುಡ್ಡೆಯ ಮೇಲೆ ಕುಸಿದು ಕುಳಿತ.

ಆಮೇಲೆ ಅವ್ವನೂ ನಾನೂ ಒಬ್ಬ ವಕೀಲರನ್ನು ಕಂಡೆವು. ಸತ್ತವಳ ಮಾತನ್ನು ಬರೆದುಕೊಂಡವರಿಲ್ಲ, ಬೇರೆ ಸಾಕ್ಷಿಯಿಲ್ಲ, ಏನೂ ಆಗದು ಎಂದರು. ಅಷ್ಟರಲ್ಲಿ ಭಾವ ಮತ್ತೆ ಮದುವೆಯಾಗಿದ್ದ. ನನಗೆ ನಿಶ್ಚಯವಾಗಿದ್ದ ಸಂಬಂಧ ಮುರಿಯಿತು. ಅಪ್ಪ ನನ್ನೊಂದಿಗೆ ಮಾತು ಬಿಟ್ಟ.

ಮರುವರ್ಷ ಗೆಳತಿಯ ಮನೆಯಲ್ಲಿ, ಕಿಟಕಿಯ ಪರದೆ ಎಳೆದು, ಗೋಡೆಯ ಮೇಲೆ ಆ ಚಿತ್ರ ತೋರಿಸಿದೆವು. ಅವ್ವ ಒಬ್ಬಳೇ ಬಸ್ಸು ಹಿಡಿದು ಬಂದು ಹಿಂದೆ ಕುಳಿತಳು. ಗೋಡೆಯ ಮೇಲೆ ಅವಳ ತುಟಿಗಳು ಅಲುಗಿದವು, ಮಾತು ಕೇಳಲಿಲ್ಲ. ಪರದೆ ಸರಿಸಿದ ಮೇಲೆ ಹಿರಿಯ ಕಲಾವಿದರೊಬ್ಬರು, "ಆ ಮೌನನ ಭಾಳ ಚಂದ ಐತಿ ನೋಡ್ರಿ," ಎಂದರು.

ಅವ್ವ ಎದ್ದು ನಿಂತಳು. "ಚಂದ ಅಲ್ರೀ ಅದು. ನಾ ಅಲ್ಲಿ ಮಾತಾಡೀನಿ." ಅಂಗಳದಲ್ಲಿ ಆಡಿದ್ದನ್ನೆಲ್ಲ ಮತ್ತೆ ಹೇಳಿದಳು. ಯಾರೂ ಚಹಾ ಮುಟ್ಟಲಿಲ್ಲ.

ಅನಂತರ ಎಲ್ಲಿ ತೋರಿಸಿದರೂ ಅವ್ವ ಬಂದು ಹೇಳುತ್ತಿದ್ದಳು. ಅವಳಿಗೆ ಓಡಾಡಲು ಆಗದಾದ ಮೇಲೆ ಚಿತ್ರದ ಪಕ್ಕ ನಿಂತು ನಾನೇ ಹೇಳತೊಡಗಿದೆ. ಇವತ್ತಿಗೂ "ನನ್ನ ಅಕ್ಕ" ಅನ್ನುವುದಿಲ್ಲ, ಅವ್ವ ಅಂದ ಹಾಗೆಯೇ "ನನ್ನ ಮಗಳು" ಅನ್ನುತ್ತೇನೆ.