ಅಳುವ ದೃಶ್ಯಗಳನ್ನು ಬರೆಯುತ್ತಿದ್ದ ಮಹಾವೀರಪ್ಪ

ಕೆಲವು ತಿಂಗಳ ಹಿಂದಿನ ಮಾತು. ಐಗಳಿಯಲ್ಲಿ ಇನ್ನೂ ಪೂರ್ತಿ ಬೆಳಗಾಗಿಲ್ಲ. ದ್ರಾಕ್ಷಿ ತೋಟಗಳಿಗೆ ಔಷಧ ಹೊಡೆಯಲು ಟ್ರ್ಯಾಕ್ಟರುಗಳು ಹೊರಟಿವೆ. ಪಡಸಾಲೆಯ ಗೋಡೆಗೆ ಒರಗಿ ಕೂತ ಮಹಾವೀರಪ್ಪ ಮಗದುಮ್ಮ, ಸಾಯುತ್ತಿರುವ ಮುದುಕಿಯೊಬ್ಬಳ ದನಿಯಲ್ಲಿ ಮಾತಾಡುತ್ತಿದ್ದಾರೆ. ವಯಸ್ಸು ತೊಂಬತ್ತು ದಾಟಿದೆ, ಕಣ್ಣು ಕಾಣುವುದಿಲ್ಲ. ಅವರು ಹೇಳಿದ್ದನ್ನು ಬರೆದುಕೊಳ್ಳುವವರು ಸೊಸೆ ತ್ರಿಶಲಾ. ಬರೆದು ಮುಗಿಸಿ ಅವರು ಅಥಣಿಯ ಬ್ಯಾಂಕಿನ ಕೆಲಸಕ್ಕೆ ಹೋಗಬೇಕು.

ಮುದುಕಿಯ ಮಾತು ಸಲೀಸಾಗಿ ಬರುತ್ತದೆ. ಪಕ್ಕದಲ್ಲಿ ಕೂತ ಗಂಡನ ಮಾತಿಗೆ ಬಂದಾಗ ಮಹಾವೀರಪ್ಪ ತಡವರಿಸುತ್ತಾರೆ. ಒಂದು ಸಾಲು ಹೇಳಿ, "ಹೊಡದ ಹಾಕವಾ" ಎಂದು ಅದನ್ನು ಅಳಿಸಿಹಾಕಿಸುತ್ತಾರೆ. ದಿಗ್ಗೇವಾಡಿಯ ಹವ್ಯಾಸಿ ಸಂಘಕ್ಕೆ ಬರೆಯುತ್ತಿರುವ ನಾಟಕ ಇದೇ ದೃಶ್ಯದಲ್ಲಿ ನಿಂತು ಎರಡು ತಿಂಗಳಾಗಿದೆ.

ಇದೇ ಮನುಷ್ಯ ಹರೆಯದಲ್ಲಿ ಕೊಲ್ಹಾಪುರದ ಸ್ಟುಡಿಯೋದಲ್ಲಿ ಕೂತು ಸಿನಿಮಾಗಳಿಗೆ ಸಂಭಾಷಣೆ ಬರೆಯುತ್ತಿದ್ದರು. ಮೊದಲು ಬೇರೆಯವರ ಬರಹವನ್ನು ನಕಲು ಮಾಡುವ ಕೆಲಸ. ಆಮೇಲೆ ಸ್ವಂತ ಬರಹ. ಪೌರಾಣಿಕ, ಪೈಲ್ವಾನರ ಕಥೆ, ಅತ್ತೆ-ಸೊಸೆ ಜಗಳ, ಎಲ್ಲವನ್ನೂ ಬರೆದರು, ಮರಾಠಿಯಲ್ಲೂ ಕನ್ನಡದಲ್ಲೂ. ಪರದೆಯ ಮೇಲೆ ಮಾತ್ರ ಹಿರಿಯ ಬರಹಗಾರರ ಹೆಸರೇ ಬರುತ್ತಿತ್ತು. ನಾಯಕಿ ಸಾಯುವ ದೃಶ್ಯ ಇದ್ದರೆ ನಿರ್ದೇಶಕರು ಇವರನ್ನೇ ಹುಡುಕುತ್ತಿದ್ದರಂತೆ. "ಸಾಯೂ ಸೀನ್ ಅಂದ್ರ ಮಗದುಮ್ಮನ್ನ ಕರೀರಿ ಅಂತಿದ್ರು. ಒಂದ ರಾತ್ರಿನ್ಯಾಗ ಬರದ ಕೊಡತಿದ್ನಿ. ಥೇಟರನ್ಯಾಗ ಹೆಣಮಕ್ಕಳು ಬಿಕ್ಕಿ ಬಿಕ್ಕಿ ಅಳತಿದ್ರು," ಎನ್ನುತ್ತಾರೆ.

ಸ್ಟುಡಿಯೋ ಬಾಗಿಲು ಹಾಕಿದ ಮೇಲೆ ಊರಿಗೆ ಮರಳಿ ದ್ರಾಕ್ಷಿ ಬೆಳೆದರು. ಜತೆಗೆ ರಾಯಬಾಗ, ಕಾಗವಾಡದ ಕಡೆಯ ಸಂಘಗಳಿಗೆ ನಾಟಕ ಬರೆದುಕೊಡುತ್ತ ಬಂದರು.

ಎರಡು ವರ್ಷದ ಹಿಂದೆ ಹೆಂಡತಿ ತಾರಾಬಾಯಿ ಮೀರಜಿನ ಆಸ್ಪತ್ರೆ ಸೇರಿದರು. ಉಳಿಯುವುದಿಲ್ಲವೆಂದು ಇಬ್ಬರಿಗೂ ಗೊತ್ತಿತ್ತು. ಒಂದು ಸಂಜೆ ಅವರು ಗಂಡನ ಕೈ ಹಿಡಿದು, ಏನಾದರೂ ಮಾತಾಡಿ ಎಂದರು. "ಎಷ್ಟ ಮಂದಿ ಬಾಯಾಗ ಮಾತ ಇಟ್ಟಾವ ನಾನು. ನನ್ನ ಬಾಯಾಗ ಒಂದೂ ಬರಲಿಲ್ರಿ. ಹೊತ್ತ ಮುಳಗತೈತಿ, ಒಂದೀಟ ಗಂಜಿ ಕುಡದಬಿಡು ಅಂದ್ನಿ. ಅಷ್ಟ." ಜೈನರ ನೇಮದಂತೆ, ಹೊತ್ತು ಮುಳುಗಿದ ಮೇಲೆ ತಾರಾಬಾಯಿ ಎಂದೂ ಏನೂ ಮುಟ್ಟಿದವರಲ್ಲ. ಎರಡು ಗುಟುಕು ಕುಡಿದು ಮಲಗಿದವರು ಬೆಳಗಿಗೆ ಇರಲಿಲ್ಲ.

ನಾಟಕದ ಗಂಡನ ಬಾಯಲ್ಲಿ, ತಾವು ಅಂದು ಆಡಬೇಕಿದ್ದ ಮಾತನ್ನು ಆಡಿಸಲು ಮಹಾವೀರಪ್ಪ ಹೆಣಗಿದ್ದಾರೆ. ಸಿಕ್ಕಿಲ್ಲ. ಕೊನೆಗೆ ಆ ಪಾತ್ರಕ್ಕೆ ಮಾತೇ ಇಲ್ಲದೆ ದೃಶ್ಯ ಮುಗಿಸಿಕೊಟ್ಟಿದ್ದಾರೆ. ಸಂಘದ ನಾಮದೇವ ಬಂದು, ಹೀಗಾದರೆ ಜನ ಅಳುವುದಿಲ್ಲ, ನಾಲ್ಕು ಮಾತು ಸೇರಿಸಿ ಎಂದು ಕೇಳಿಕೊಂಡರೂ ಇವರು ಒಪ್ಪಿಲ್ಲ. "ಅಳದಿದ್ರ ಬಿಡ್ಲಿ. ಖರೇ ಹಿಂಗ ಆಗತೈತ್ರಿ."

ಕಳೆದ ವಾರ ಪ್ರಯೋಗ ನಡೆದಿದೆ. ಗಂಡನ ಪಾತ್ರದಲ್ಲಿ ನಾಮದೇವ ತುಟಿ ಬಿಚ್ಚದೆ ಕೂತೇ ಇದ್ದರಂತೆ. ಯಾರೂ ಅಳಲಿಲ್ಲ, ಪರದೆ ಬಿದ್ದ ಮೇಲೂ ಯಾರೂ ಏಳಲಿಲ್ಲ ಎನ್ನುತ್ತಾರೆ ತ್ರಿಶಲಾ.

ಮುಂದೇನು ಎಂದು ಕೇಳಿದರೆ ಮಹಾವೀರಪ್ಪ ಹೇಳುತ್ತಾರೆ:

"ನಗಸೂ ನಾಟಕ ಒಂದ ಬರೀಬೇಕಂತ ಐತ್ರಿ. ಅಂಥಾ ನಾಟಕ ಇದ್ರ ನಮ್ಮಾಕಿ ಮುಂದಿನ ಸಾಲಿನ್ಯಾಗ ಕುಂತ, ಬಾಯಿಗೆ ಸೆರಗ ಹಿಡಕೊಂಡ ನಗತಿದ್ಲು. ಹಂಗ ನಗೂ ಮಂದಿ ಇನ್ನೂ ಇರ್ತಾರಲ್ರಿ."