ಕದಿರನ್ನು ಕೇಳಿ ತರುವುದಿಲ್ಲ

ಡೊಂಬಿವಲಿ ಪೂರ್ವದಲ್ಲಿ ನಮ್ಮ ಬಿಲ್ಡಿಂಗಿನ ಮುಂದಿನ ರಸ್ತೆ ಒಂದು ಕಡೆ ಸುಮ್ಮಸುಮ್ಮನೆ ಸೊಟ್ಟಗಾಗುತ್ತದೆ. ಅಲ್ಲಿ ಮರವಿಲ್ಲ, ಬಾವಿಯಿಲ್ಲ, ಗುಡಿಯೂ ಇಲ್ಲ. ರಿಕ್ಷಾದವರು ದಿನಾ ಅಲ್ಲಿ ಬ್ರೇಕ್ ಹಾಕಿ ಮುನಿಸಿಪಾಲಿಟಿಯನ್ನು ಬೈಯುತ್ತಾರೆ. ಪಾಪ, ಮುನಿಸಿಪಾಲಿಟಿಗೂ ಆ ತಿರುವಿಗೂ ಸಂಬಂಧವೇ ಇಲ್ಲ. ಅದು ಗದ್ದೆಯ ಹುಣಿ, ಅಂದರೆ ಬದು. ಹುಣಿ ಎಲ್ಲಿ ಬಾಗಿತ್ತೋ ಅಲ್ಲೇ ರಸ್ತೆಯೂ ಬಾಗಿದೆ. ಇದನ್ನು ಬಲ್ಲವರು ಈಗ ಈ ಗಲ್ಲಿಯಲ್ಲಿ ಹೆಚ್ಚಿಲ್ಲ. ನಾನೊಬ್ಬಳು, ಮತ್ತೆ ಆ ಗದ್ದೆಯ ಒಡತಿಯಾಗಿದ್ದ ಮೌಶಿ.

ಎರಡು ಸಾವಿರದ ಇಸವಿ ದಾಟಿದ ಮೇಲೆ ನಾವು ಕೋಪರಿಯ ಬಾಡಿಗೆ ಖೋಲಿ, ಅಂದರೆ ಒಂಟಿ ಕೋಣೆ, ಬಿಟ್ಟು ಇಲ್ಲಿಗೆ ಬಂದೆವು. ನಮ್ಮವರಿಗೆ ವಾಗ್ಳೆ ಎಸ್ಟೇಟಿನ ಕಾರ್ಖಾನೆಯೊಂದರಲ್ಲಿ ಕ್ಯಾಂಟೀನು. ಮಾವ ಕಲ್ಯಾಣದ ಹೋಟೆಲೊಂದರ ಗಲ್ಲಾದಲ್ಲಿ ಕೂತು ಕೂತು ಆಯುಷ್ಯ ಕಳೆದು ಆಗಷ್ಟೇ ಮನೆ ಸೇರಿದ್ದರು. ನಮ್ಮ ಬಿಲ್ಡಿಂಗಿನ ಸುತ್ತ ಮೂರು ಕಡೆ ಭತ್ತದ ಗದ್ದೆ. ಮಳೆಗಾಲದಲ್ಲಿ ಕಪ್ಪೆಗಳ ಗಲಾಟೆಗೆ ಟಿ.ವಿ. ಧಾರಾವಾಹಿ ಕೇಳಿಸುತ್ತಿರಲಿಲ್ಲ. ಲಿಫ್ಟಿನ ಗುಂಡಿಯಲ್ಲಿ ನೀರು ನಿಲ್ಲುತ್ತಿತ್ತು. ಬಿಲ್ಡರ್ ಏನು ಮಾಡಿದರೂ ನಿಲ್ಲುತ್ತಿತ್ತು. ಸೊಸೈಟಿಯವರೆಲ್ಲ ತಲೆ ಚಚ್ಚಿಕೊಂಡರೆ ಮಾವ ಮಾತ್ರ ಬಾಲ್ಕನಿಯಲ್ಲಿ ನಿಂತು ಹಸಿರು ನೋಡುತ್ತ ಖುಷಿಯಾಗಿದ್ದರು.

ಆ ಖುಷಿಗೆ ಕಾರಣವಿತ್ತು. ಉಡುಪಿಯ ಕಡೆ ನಮ್ಮಲ್ಲಿ ನವರಾತ್ರಿಯ ಹೊತ್ತಿಗೆ ಮನೆ ತುಂಬಿಸುವ ಕ್ರಮವಿದೆ. ಹೊಸ ಭತ್ತದ ಕದಿರನ್ನು ತಂದು, ಮಾವಿನೆಲೆಯಲ್ಲಿ ಸುತ್ತಿ, ಬಾಗಿಲಿಗೆ, ದೇವರ ಮುಂದೆ, ಅಕ್ಕಿ ಡಬ್ಬಕ್ಕೆ, ಕಡೆಗೆ ಗ್ರೈಂಡರಿಗೂ ಕಟ್ಟುವುದು. ಆಮೇಲೆ ಹೊಸ ಅಕ್ಕಿಯ ಊಟ. ಮಾವನ ಮನೆತನದಲ್ಲಿ ಇನ್ನೊಂದು ಪಟ್ಟು ಇತ್ತು. ಕದಿರು ಬೇರೆಯವರ ಗದ್ದೆಯದಾಗಬೇಕು, ಕೇಳದೆ ತರಬೇಕು, ಮನೆಯಿಂದ ಹೊರಟು ಮತ್ತೆ ಹೊಸಿಲು ದಾಟುವ ತನಕ ತುಟಿ ಪಿಟಕ್ಕೆನ್ನಬಾರದು. ಕೋಪರಿಯಲ್ಲಿ ಗದ್ದೆ ಎಲ್ಲಿಯದು? ಅಷ್ಟೂ ವರ್ಷ ಕದಿರಿಲ್ಲ. ಅದಕ್ಕೇ ಮಾವ ಅದನ್ನು ಅಲ್ಲಿದ್ದ ಕೊನೆಯ ದಿನದವರೆಗೂ ಖೋಲಿ ಎಂದರೇ ಹೊರತು ಮನೆ ಎನ್ನಲಿಲ್ಲ.

ಇಲ್ಲಿ ಬಂದ ಮೊದಲ ನವರಾತ್ರಿಯಲ್ಲಿ ಅವರು ಬೆಳಕು ಹರಿಯುವ ಮೊದಲೇ ಮಿಂದು, ಬಿಳಿ ಪಂಚೆ ಉಟ್ಟು, ಎದುರಿನ ಗದ್ದೆಗೆ ಇಳಿದರು. ಒಂದು ಹಿಡಿ ಕೊಯ್ದಿರಬೇಕು, ಅಷ್ಟರಲ್ಲಿ ಕೈಯಲ್ಲಿ ಕೊಯ್ಲಿನ ಕತ್ತಿ ಹಿಡಿದ ಹೆಂಗಸೊಬ್ಬರು ಹುಣಿಯ ಮೇಲೆ ಪ್ರತ್ಯಕ್ಷರಾದರು. ಇಲ್ಲಿನ ಮೂಲ ರೈತರಾದ ಆಗ್ರಿ ಜನರ ಹಾಗೆ ಗಂಟು ಹಾಕಿ ಉಟ್ಟ ಸೀರೆ, ಗಲ್ಲಿಗೆಲ್ಲ ಕೇಳುವ ಗಂಟಲು.

“ಕೋನ್ ರೇ ತು? ತೋಂಡ್ ನಾಯ್ ಕಾ ತುಲಾ?”

ಯಾರು ನೀನು, ಬಾಯಿಲ್ಲವಾ ನಿನಗೆ ಎಂದು ಅವರು ಎಷ್ಟು ಕೇಳಿದರೂ ಮಾವ ಮೂಕ. ಕೈ ಮುಗಿದರು, ಆಕಾಶ ತೋರಿಸಿದರು, ನಮ್ಮ ಬಿಲ್ಡಿಂಗ್ ತೋರಿಸಿದರು. ಮುಂದೆ ಮಾವ, ಹಿಂದೆ ಕತ್ತಿ ಹಿಡಿದ ಆ ಹೆಂಗಸು, ಅವರ ಹಿಂದೆ ನಮ್ಮ ವಾಚ್‌ಮನ್. ಬಾಗಿಲಲ್ಲಿ ಆರತಿ ಹಿಡಿದು ನಿಂತಿದ್ದ ನನಗೆ ಈ ಮೆರವಣಿಗೆ ನೋಡಿ ನಗು ಬಂತು, ಹೆದರಿಕೆಯೂ ಆಯಿತು. ಹೊಸಿಲು ದಾಟಿದ್ದೇ ಮಾವನ ಬಾಯಿಂದ ಮಾತು ಉದುರಿತು.

“ಎಂಥ ಮಾಡುದು ಮಗಾ, ಬಾಯಿ ಬಿಟ್ಟಿದ್ರೆ ಕದಿರು ಮನೆಗೆ ಆಗ್ತಿರ್ಲಿಲ್ಲ.”

ನಾನು ನನ್ನ ಹರಕು ಮರಾಠಿಯಲ್ಲಿ ಎಲ್ಲ ವಿವರಿಸಿದೆ. ಆಕೆ ಮಾವಿನೆಲೆಯಲ್ಲಿ ಸುತ್ತಿದ ಕದಿರನ್ನು ತಿರುಗಿಸಿ ಮುರುಗಿಸಿ ನೋಡಿದರು. ದಸರಾಕ್ಕೆ ತಾವೂ ಚೆಂಡುಹೂವಿನ ತೋರಣದಲ್ಲಿ ಭತ್ತದ ತೆನೆ ಸೇರಿಸಿ ಕಟ್ಟುತ್ತೇವೆ, ಆದರೆ ಅದಕ್ಕಾಗಿ ಕದಿಯಲು ಹೋಗುವುದಿಲ್ಲ ಎಂದರು. ಚಹಾ ಕುಡಿದೇ ಹೋದರು. ಅಂದಿನಿಂದ ಅವರು ನನಗೆ ಮೌಶಿ, ನಮ್ಮ ಲೆಕ್ಕದಲ್ಲಿ ಚಿಕ್ಕಮ್ಮ. ಮಾವ ಅವರಿಗೆ ‘ಆಮ್ಚಾ ಚೋರ್’, ನಮ್ಮ ಕಳ್ಳ.

ಮರುವರ್ಷದಿಂದ ಮೌಶಿ ನಮ್ಮ ಕಡೆಯ ಮೂಲೆಯನ್ನು ಕೊಯ್ಯದೆ ಬಿಡತೊಡಗಿದರು. ಮಾವ ಬರುವ ಹೊತ್ತಿಗೆ ಬೇಕೆಂದೇ ಬೆನ್ನು ತಿರುಗಿಸಿ ನಿಲ್ಲುತ್ತಿದ್ದರು. ಕೇಳಿ ಪಡೆದದ್ದಲ್ಲ, ಕದ್ದು ಸಿಕ್ಕಿಬಿದ್ದದ್ದೂ ಅಲ್ಲ. ಮಾವನ ಮಂಡಿ ಸೋತ ಮೇಲೆ ಆ ಕೆಲಸ ನನ್ನ ಪಾಲಿಗೆ ಬಂತು.

ಇತ್ತ ಗದ್ದೆ ಕರಗುತ್ತ ಬಂತು. ಮೊದಲು ಪಕ್ಕದ ಇಟ್ಟಿಗೆ ಭಟ್ಟಿ ಮುಚ್ಚಿತು, ಅಲ್ಲಿ ಮದುವೆ ಹಾಲ್ ಎದ್ದಿತು. ಶಿಳ್ ರಸ್ತೆ ಅಗಲವಾಯಿತು. ಕೆರೆಯಿದ್ದಲ್ಲಿ ಶಾಲೆ ಬಂತು, ಮಾವಿನ ತೋಪಿನಲ್ಲಿ ಕಾರ್ ಶೋರೂಮು. ಇಲ್ಲಿನ ಹಳ್ಳಿಯವರ ಮನೆಗಳು ಟವರುಗಳ ನಡುವೆ ಸಿಕ್ಕಿಕೊಂಡವು. ಬಾಲ್ಕನಿಯಿಂದ ಕಾಣುತ್ತಿದ್ದ ಹಸಿರು ಮೌಶಿಯ ಒಂದು ಗದ್ದೆಗೆ ಬಂದು ನಿಂತಿತು. ಒಂದು ಬೇಸಿಗೆ ಅದಕ್ಕೂ ತಗಡಿನ ಬೇಲಿ ಬಿತ್ತು.

ನಾನು ಓಡಿಹೋದೆ. ಮೌಶಿ ಅಂಗಳದಲ್ಲಿ ಕೂತು ಒಣಮೀನು ಹರವುತ್ತಿದ್ದರು. ತಲೆ ಎತ್ತದೆ ಹೇಳಿದರು.

“ಪೋರಾಂನಿ ಶೇತ್ ಇಕ್ಲಾ.”

ಮಕ್ಕಳು ಗದ್ದೆ ಮಾರಿದ್ದರು. ಮೌಶಿಗೂ ಟವರಿನಲ್ಲಿ ಫ್ಲ್ಯಾಟು ಬರುತ್ತದಂತೆ, ಅಂಗಳ ಮಾತ್ರ ಬರುವುದಿಲ್ಲ. ನನಗೆ ಅಳು ಬಂತು, ಅದಕ್ಕಿಂತ ಹೆಚ್ಚಾಗಿ ಸಿಟ್ಟು ಬಂತು. ಯಾರ ಮೇಲೆ ಸಿಟ್ಟು ಮಾಡುವುದು? ನಾನಿರುವ ಫ್ಲ್ಯಾಟೂ ಯಾರದೋ ಗದ್ದೆಯ ಮೇಲೇ ಇದೆ.

ಮನೆಯಲ್ಲಿ ಎಲ್ಲರೂ ಸಲಹೆ ಕೊಡುವವರೇ. ಕಲ್ಯಾಣದ ಹೂವಿನ ಮಾರ್ಕೆಟಿನಲ್ಲಿ ಕದಿರಿನ ಕಟ್ಟು ಸಿಗುತ್ತದೆ, ತಂದರಾಯಿತು ಎಂದರು ನಮ್ಮವರು. ಊರಿಂದ ಬಸ್ಸಿನಲ್ಲಿ ತರಿಸಿ ಹಂಚುತ್ತೇವೆ ಎಂದು ನಮ್ಮ ಊರಿನವರ ಸಂಘದಿಂದ ಹೇಳಿ ಕಳಿಸಿದರು. ಆ ದಿನ ಮಾವ ಊಟಕ್ಕೆ ಕೂತಾಗ, ಖೋಲಿಯ ಕಿಟಕಿ ಹಾಕು, ಧೂಳು ಬರ್ತದೆ ಎಂದರು. ಖೋಲಿ! ಆ ಒಂದು ಮಾತು ನನ್ನ ಎದೆಗೆ ನಾಟಿತು. ಈ ಮನೆಗೆ ಕದಿರು ತಪ್ಪಲು ಬಿಡುವುದಿಲ್ಲ ಎಂದು ನಾನು ಅನ್ನ ಕಲಸುತ್ತಲೇ ನಿಶ್ಚಯಿಸಿದೆ.

ಜೆಸಿಬಿ ಬರುವ ಮೊದಲೇ ನಾನೂ ಮೌಶಿಯೂ ತಗಡಿನ ಸಂದಿಯಲ್ಲಿ ನುಸುಳಿ ಗದ್ದೆಯ ಮಣ್ಣು ಹೊತ್ತೆವು. ಕ್ಯಾಂಟೀನಿನ ನೀಲಿ ಡ್ರಮ್ಮುಗಳನ್ನು ನಮ್ಮವರೇ ಗೊಣಗುತ್ತ ಕೊಯ್ದು ಕೊಟ್ಟರು. ಅವನ್ನು ನಮ್ಮ ಟೆರೇಸಿಗೆ ಏರಿಸಿದಾಗ ಸೊಸೈಟಿಯ ಸೆಕ್ರೆಟರಿ ಬಂದು ನಿಂತರು.

“ಭಾಭೀಜಿ, ಟೆರೇಸ್ ಕಾಮನ್ ಹೈ. ಲೀಕೇಜ್ ಹುವಾ ತೋ?”

ಟೆರೇಸಿನ ಕೆಳಗಿನ ಮನೆ ನಮ್ಮದೇ, ಸೋರಿದರೆ ಮೊದಲು ನನ್ನ ತಲೆಯ ಮೇಲೇ ಸೋರುತ್ತದೆ ಎಂದೆ. ಮೀಟಿಂಗ್ ಕರೆದರು, ಹೋದೆ. ಇಟ್ಟಿಗೆ ಇಟ್ಟು ಡ್ರಮ್ಮು ಎತ್ತರಿಸಿ ಎಂದರು, ಎತ್ತರಿಸಿದೆ. ಕೆಳಗೆ ಪ್ಲಾಸ್ಟಿಕ್ ಹಾಸಿ ಎಂದರು, ಹಾಸಿದೆ. ಕಡೆಗೆ ಅವರೇ ಒಪ್ಪಿದರು.

ಮೌಶಿ ಮಡಕೆಯಲ್ಲಿ ಉಳಿಸಿಟ್ಟಿದ್ದ ಬಿತ್ತನೆ ಭತ್ತ ತಂದರು. ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು, ನೀರು ಹೆಚ್ಚಾಯಿತು, ಕಡಿಮೆಯಾಯಿತು ಎಂದು ನನ್ನನ್ನು ಗದರುತ್ತ ನೇಜಿ, ಅಂದರೆ ಸಸಿ, ನೆಡಿಸಿದರು. ಪಾರಿವಾಳಗಳ ಕಾಟಕ್ಕೆ ಹಳೆಯ ಸೊಳ್ಳೆಪರದೆ ಕಟ್ಟಿದೆ. ಪೈರು ಹೊಡೆ ತುಂಬಿ ತೆನೆ ಇಣುಕಿದ ದಿನ ಮಾವನಿಗೆ ಸುದ್ದಿ ಹೇಳಿದರೆ ಅವರು ಹೊಸ ತಕರಾರು ತೆಗೆದರು.

“ನಿನ್ನ ಗದ್ದೆಯಿಂದ ನೀನೇ ತಂದ್ರೆ ಅದೆಂಥ ಕದಿರು ಮಗಾ?”

ಅದೂ ಹೌದಲ್ಲ! ನಾನು ಮೌಶಿಯ ಬಳಿ ಹೋಗಿ, ಎಡಗಡೆಯ ಡ್ರಮ್ಮುಗಳು ನಿಮ್ಮವು, ಬಲಗಡೆಯವು ನನ್ನವು ಎಂದೆ. ಅವರಿಗೆ ತಕ್ಷಣ ಅರ್ಥವಾಯಿತು. ಮಾವ ಹೋಗಿ ಸೊಸೆ ಬಂದಳು, ಕಳ್ಳತನ ಮಾತ್ರ ನಿಲ್ಲಲಿಲ್ಲ ಎಂದು ಹೊಟ್ಟೆ ಹಿಡಿದುಕೊಂಡು ನಕ್ಕರು. ಆ ವರ್ಷ ಅವರು ಪಕ್ಕದ ಬಿಲ್ಡಿಂಗಿನಲ್ಲಿ ಬಿಲ್ಡರ್ ಕೊಟ್ಟ ಬಾಡಿಗೆ ಮನೆಯಲ್ಲಿದ್ದರು. ಗೋಡೆಗಳು ಮೈಮೇಲೆ ಬರುತ್ತವೆ ಎನ್ನುತ್ತಿದ್ದರು.

ನವರಾತ್ರಿಯಲ್ಲಿ ನಿಶ್ಚಯಿಸಿದ ದಿನ ಮಿಂದು, ಕತ್ತಿ ಹಿಡಿದು, ಬರಿಗಾಲಲ್ಲಿ ಮೆಟ್ಟಿಲು ಹತ್ತಿದೆ. ಟೆರೇಸಿನ ಬಾಗಿಲು ತೆರೆದಿತ್ತು. ಮೇಲಿನಿಂದ ಯಾರೋ ಗೋಡೆ ಹಿಡಿದುಕೊಂಡು ನಿಧಾನವಾಗಿ ಇಳಿಯುತ್ತಿದ್ದರು. ಮೌಶಿ. ಮಿಂದ ತಲೆ ಇನ್ನೂ ಒದ್ದೆ, ಸೆರಗಿನೊಳಗೆ ಏನೋ ಕಟ್ಟು, ಅದರ ತುದಿಯಲ್ಲಿ ನಾಲ್ಕು ಕದಿರು ಇಣುಕುತ್ತಿದ್ದವು. ಇಷ್ಟು ಬೇಗ ಏಕೆ ಬಂದಿರಿ ಎಂದು ಕೇಳಲು ಬಾಯಿ ತೆರೆದವಳು ಥಟ್ಟನೆ ಮುಚ್ಚಿದೆ. ಊರಿಗೆಲ್ಲ ಕೇಳುವ ಗಂಟಲಿನ ಮೌಶಿ ತುಟಿ ಬಿಗಿದುಕೊಂಡು, ಒಂದು ಮಾತಿಲ್ಲದೆ, ನನ್ನ ಭುಜ ಸವರಿಕೊಂಡು ಇಳಿದುಹೋದರು.

ಮೇಲೆ ನೋಡಿದರೆ ನನ್ನ ಡ್ರಮ್ಮೊಂದರಲ್ಲಿ ಒಂದು ಹಿಡಿ ಕೊಯ್ದಿತ್ತು. ನಾನು ಅವರ ಡ್ರಮ್ಮಿನಿಂದ ಒಂದು ಹಿಡಿ ಕೊಯ್ದೆ. ಕಣ್ಣೀರು ಬರುತ್ತಿತ್ತು, ಮೂಗನ್ನೂ ಸದ್ದಾಗದ ಹಾಗೆ ಒರೆಸಿಕೊಂಡೆ.

ಮಾವ ಕೋಲೂರಿಕೊಂಡು ಬಾಗಿಲಲ್ಲಿ ಆರತಿ ಹಿಡಿದು ನಿಂತಿದ್ದರು. ಹೊಸಿಲು ದಾಟಿ ಕದಿರನ್ನು ಅವರ ಕೈಗಿಟ್ಟೆ. ಸಿಕ್ಕಿತಾ ಎಂದು ಅವರು ಕಣ್ಣಲ್ಲೇ ಕೇಳಿದರು.

“ಸಿಕ್ಕಿತು ಮಾವ,” ಎಂದೆ. “ನಮ್ಮ ಗದ್ದೆಗೂ ಕಳ್ಳರು ಬಂದಿದ್ದರು.”