ದೇವರ ಖೋಲಿಯಲ್ಲಿ ಬೂಟುಗಾಲು

ತೊಂಬತ್ತರ ದಶಕ ಮುಗಿಯುತ್ತ ಬಂದಿತ್ತು. ಅಣ್ಣ ಸೊಲ್ಲಾಪುರದ ಬ್ಯಾಂಕೊಂದರಲ್ಲಿ ಗುಮಾಸ್ತ. ನಾನು ಅವನ ಬಾಡಿಗೆ ಮನೆಯಲ್ಲಿದ್ದುಕೊಂಡು ಕಾಲೇಜಿಗೆ ಹೋಗುತ್ತಿದ್ದೆ. ಅವನಿಗೆ ಬಂದೂಕಿನ ಕಂಪ್ಯೂಟರ್ ಆಟದ ಹುಚ್ಚು. ಫೋನ್ ಲೈನಿನ ನಿಧಾನದ ಇಂಟರ್ನೆಟ್ಟಿನಲ್ಲಿ ದೂರದ ಸರ್ವರಿಗೆ ಸೇರಿಕೊಂಡರೆ, ಗುರಿ ಹಿಡಿಯುವಷ್ಟರಲ್ಲೇ ಆಟದಲ್ಲಿ ಸತ್ತಿರುತ್ತಿದ್ದ. ಬೇಸತ್ತು ತನ್ನ ಕಂಪ್ಯೂಟರಿನಲ್ಲೇ ಆಟದ ಸರ್ವರ್ ಶುರು ಮಾಡಿದ. ಎದುರು ಮನೆಯ ಟವೆಲ್ ವ್ಯಾಪಾರಿಯ ಮಗ ಅವನ ಗೆಳೆಯ. ಗಲ್ಲಿಯ ಮೇಲೆ ತಂತಿ ಎಳೆದು ಎರಡೂ ಮನೆಯ ಕಂಪ್ಯೂಟರ್ ಜೋಡಿಸಿದರು.

ಆಟದೊಳಗಿನ ಕೋಟೆ ಕೊತ್ತಲಗಳು ಬೇಸರವಾದಾಗ ಅಣ್ಣ ಅಕ್ಕಲಕೋಟೆಯ ನಮ್ಮ ಮನೆಯನ್ನೇ ಆಟದಲ್ಲಿ ಕಟ್ಟಿದ. ಪಡಸಾಲೆ, ಅಡುಗೆಮನೆ, ಹಿತ್ತಲು, ಎಲ್ಲ ಇದ್ದವು. ಮದ್ದುಗುಂಡು ಮಾತ್ರ ದೇವರ ಖೋಲಿಯಲ್ಲಿಟ್ಟಿದ್ದ.

ಒಂದು ಭಾನುವಾರ ಅವ್ವ ಊರಿಂದ ಬಂದಳು. ಅಣ್ಣನ ಹಿಂದೆ ನಿಂತು ನೋಡಿ, ಅಡುಗೆಮನೆ ಬಾಗಿಲು ತಪ್ಪು ಕಡೆಗೆ ತೆರೆಯುತ್ತದೆ ಎಂದಳು. ಅಷ್ಟರಲ್ಲಿ ಪರದೆಯ ಮೇಲೊಬ್ಬ ಸಿಪಾಯಿ ಬಂದೂಕು ಹಿಡಿದು ಒಳಗೆ ನುಗ್ಗಿದ.

"ದೇವರ ಖೋಲ್ಯಾಗ ಬೂಟು ಹಾಕ್ಕೊಂಡು ಹೋಗ್ಯಾನಲ್ಲ, ಯಾರಂವ?"

ಎದುರು ಮನೆಯವನೆಂದು ಅಣ್ಣ ಹೇಳಿದ. ಅವ್ವ ಚಪ್ಪಲಿ ಮೆಟ್ಟಿ ಹೊರಟೇಬಿಟ್ಟಳು. ನಾನು ಹಿಂದೆ ಓಡಿದೆ.

ಗೆಳೆಯ ಅವಳನ್ನು ಕಂಡದ್ದೇ ಕುರ್ಚಿ ಬಿಟ್ಟೆದ್ದು ಕೈಮುಗಿದ. "ಬರ್ರಿ ಕಾಕು, ಯಾವಾಗ ಬಂದ್ರಿ?" ಪರದೆಯ ಮೇಲೆ ಅವನ ಸಿಪಾಯಿ ದೇವರ ಮುಂದೆ ಸುಮ್ಮನೆ ನಿಂತಿದ್ದ. ಅವ್ವ ಬಾಯಿ ತೆರೆಯುವ ಮೊದಲೇ ಢಂ ಎಂದಿತು, ಸಿಪಾಯಿ ನೆಲಕ್ಕುರುಳಿದ. ಗಲ್ಲಿಯ ಆ ಕಡೆಯಿಂದ ಅಣ್ಣನ ಕೇಕೆ ಕೇಳಿಸಿತು.

ಬೈಯಲು ಹೋದವಳು ಗೆಳೆಯನ ತಲೆ ಸವರಿ, ಊಟಕ್ಕೆ ಕರೆದು, ಗರ್ರನೆ ತಿರುಗಿ ಅಣ್ಣನ ಮುಂದೆ ಬಂದು ನಿಂತಳು.

"ಮನಿಗೆ ಬಂದವರನ್ನ ಹಿಂಗ ಕೊಲ್ತಾರೇನೋ? ಅದೂ ಅಂವ ಕೈ ಮುಗದು ನಿಂತಾಗ?"

ಅದು ಬರೀ ಆಟ, ಅವನು ಮತ್ತೆ ಎದ್ದು ಬರುತ್ತಾನೆ ಎಂದು ಅಣ್ಣ ಎಷ್ಟು ಹೇಳಿದರೂ ಅವಳು ಕೇಳಲಿಲ್ಲ. ಕೊನೆಗೆ ಅವಳೆದುರೇ ಆಟದ ಮನೆಯ ದೇವರ ಖೋಲಿಯ ಬಾಗಿಲಿಗೆ ಗೋಡೆ ಹಾಕಿದ. ಮದ್ದುಗುಂಡು ಎಲ್ಲಿಡಲೆಂದು ಕೇಳಿದಾಗ ಅವ್ವ ಸ್ವಲ್ಪ ಯೋಚಿಸಿ, ಹಿತ್ತಲಲ್ಲಿ ಕಟ್ಟಿಗೆ ಒಟ್ಟುವ ಜಾಗ ತೋರಿಸಿದಳು. ಅಲ್ಲಿ ಮಳೆ ಬಂದರೂ ನೆನೆಯುವುದಿಲ್ಲವಂತೆ.

ಮಧ್ಯಾಹ್ನ ಊಟಕ್ಕೆ ಬಂದ ಗೆಳೆಯನಿಗೆ ಬಿಸಿ ಜೋಳದ ಭಕ್ಕರಿಯ ಮೇಲೆ ಬೆಣ್ಣೆ ಬಿತ್ತು. ಗೆದ್ದ ಅಣ್ಣ ನಿನ್ನೆಯ ತಂಗಳು ಭಕ್ಕರಿ ಮುರಿಯುತ್ತ ಕುಳಿತಿದ್ದ.